ನಾಯಿ ನಡಿಗೆಯಿಂದ ಓಟಕ್ಕೆ ಹೋಗುವಾಗ ಜರ್ಕ್ ಹೊಡೆಯುತ್ತಿದೆ, ಯಾವ ಲೈಬ್ರರಿ ಫೈಲ್ ಸೇರಿಸಬೇಕು?

ಬೀದಿನಾಯಿ:

ನಮಸ್ಕಾರ ಎಲ್ಲರಿಗೂ. ತ್ರೀಜೆಎಸ್ (ಬ್ರೌಸರ್‌ನಲ್ಲಿ 3ಡಿ ತೋರಿಸುವ ಜಾವಾಸ್ಕ್ರಿಪ್ಟ್ ಲೈಬ್ರರಿ) ಬಳಸಿ ಬ್ರೌಸರ್‌ನಲ್ಲಿ ಆಡುವ ಒಂದು ಸಣ್ಣ ಗೇಮ್ ಮಾಡುತ್ತಿದ್ದೇನೆ. ಆಫೀಸ್ ಕೆಲಸ ಮುಗಿಸಿ ರಾತ್ರಿ ಕೂತು ಮಾಡುವುದು, ಹಾಗಾಗಿ ಆರು ತಿಂಗಳಿಂದ ಕುಂಟುತ್ತಾ ಸಾಗಿದೆ. ಕಥೆ ಏನೂ ದೊಡ್ಡದಿಲ್ಲ. ನೀವು ಒಂದು ಬೀದಿ ನಾಯಿ. ರಾತ್ರಿ ಹತ್ತರ ಮೇಲೆ ನಿಮ್ಮ ಕ್ರಾಸ್‌ಗೆ ಬರುವ ಪ್ರತಿ ಬೈಕನ್ನೂ ಮುಂದಿನ ಕ್ರಾಸ್ ತನಕ ಅಟ್ಟಿಸಿಕೊಂಡು ಹೋಗಬೇಕು. ಗಡಿ ದಾಟಿದರೆ ಪಕ್ಕದ ಬೀದಿಯ ಗ್ಯಾಂಗ್ ಬರುತ್ತದೆ. ಅಷ್ಟೇ.

ನಾಯಿಯ ಮಾಡೆಲ್ ಗೆಳೆಯನೊಬ್ಬ ಬ್ಲೆಂಡರ್ ಅನ್ನುವ 3ಡಿ ಸಾಫ್ಟ್‌ವೇರ್‌ನಲ್ಲಿ ಮಾಡಿಕೊಟ್ಟಿದ್ದು. 4 ಅನಿಮೇಷನ್ ಕ್ಲಿಪ್ ಇವೆ: ನಿಲ್ಲುವುದು, ನಡೆಯುವುದು, ಓಡುವುದು, ಬೊಗಳುವುದು. ಒಂದೊಂದನ್ನೇ ಪ್ಲೇ ಮಾಡಿದರೆ ಚಿನ್ನದಂಥ ನಾಯಿ. ಒಂದರಿಂದ ಇನ್ನೊಂದಕ್ಕೆ ಹೋಗುವಾಗ ಮಾತ್ರ ಮರ್ಯಾದೆ ತೆಗೆಯುತ್ತದೆ. ಹಳೆಯ ಕ್ಲಿಪ್‌ಗೆ ಸ್ಟಾಪ್ ಹೇಳಿ ಹೊಸದಕ್ಕೆ ಫೇಡ್‌ಇನ್ ಕೊಟ್ಟರೆ, ಓಟ ಶುರುವಾಗುವ ಮುಂಚೆ ಒಂದು ಗಳಿಗೆ ನಾಲ್ಕೂ ಕಾಲು ನೆಟ್ಟಗೆ ಮಾಡಿಕೊಂಡು ಮೇಜಿನ ಹಾಗೆ ನಿಲ್ಲುತ್ತದೆ. ಸ್ಟಾಪ್ ಬದಲು ಫೇಡ್‌ಔಟ್ ಕೊಟ್ಟರೆ ಮೊದಲ ಸಲ ಸರಿ ಬರುತ್ತದೆ, ಮತ್ತೆ ನಡಿಗೆಗೆ ವಾಪಸ್ ಬಂದಾಗ ಮೇಜಾದದ್ದು ಮೇಜಾಗಿಯೇ ಉಳಿಯುತ್ತದೆ. ಹಾಗೇ ಜಾರಿಕೊಂಡು ಬೈಕ್ ಹಿಂದೆ ಹೋಗುತ್ತದೆ. ಬೊಗಳಿ ಮುಗಿಸಿದ ಮೇಲೂ ಅದೇ ಮೇಜು.

ಇನ್ನೂ ಎರಡು ತೊಂದರೆ ಇದೆ. ನಡಿಗೆ ಓಟ ಎರಡೂ ಬೆರೆಯುವಾಗ ಕಾಲು ಜಾರುತ್ತದೆ, ಎಣ್ಣೆ ಚೆಲ್ಲಿದ ಗ್ರಾನೈಟ್ ಮೇಲೆ ಬಿಟ್ಟ ಹಾಗೆ. ಮತ್ತೆ, ನಾಯಿ ತಿರುಗುವುದನ್ನು ನಯ ಮಾಡಲು ಪ್ರತಿ ಫ್ರೇಮ್‌ಗೂ ಲರ್ಪ್ (ಈಗಿನ ಬೆಲೆಯನ್ನು ಗುರಿಯ ಕಡೆ ಸ್ವಲ್ಪ ಸರಿಸುವುದು) 0.1 ಹಾಕಿದ್ದೇನೆ. ನನ್ನ ಹಳೆ ಫೋನ್‌ನಲ್ಲಿ ಚೆನ್ನಾಗಿದೆ, ಗೆಳೆಯನ 120 ಹರ್ಟ್ಸ್ (ಸೆಕೆಂಡಿಗೆ 120 ಫ್ರೇಮ್) ಫೋನ್‌ನಲ್ಲಿ ತಲೆಗೆ ಪೆಟ್ಟು ಬಿದ್ದ ಹಾಗೆ ಸರಕ್ಕನೆ ತಿರುಗುತ್ತದೆ.

ಸ್ಮೂತ್ ಮಾಡಬೇಕು ಅಂತ ಸಿಕ್ಕಿದ್ದನ್ನೆಲ್ಲ ಲಿಬ್ ಫೋಲ್ಡರ್‌ಗೆ ತುಂಬಿದ್ದೇನೆ. ಒಂದು ಹಳೆ ವಿಡಿಯೋ ನೋಡಿ ಇಳಿಸಿಕೊಂಡ ತ್ರೀ.ಮಿನ್.ಜೆಎಸ್, ಸಿಡಿಎನ್‌ನಿಂದ (ಫೈಲ್ ಹಂಚುವ ಸರ್ವರ್) ಜಿಎಲ್‌ಟಿಎಫ್ ಲೋಡರ್ (ಮಾಡೆಲ್ ಓದುವ ಫೈಲ್), ಒಂದು ಟ್ವೀನ್ ಫೈಲ್ (ಬೆಲೆಗಳನ್ನು ನಯವಾಗಿ ಬದಲಾಯಿಸಲು), ಯಾರದೋ ಸ್ಪ್ರಿಂಗ್ ಫೈಲ್. ಕನ್ಸೋಲ್‌ನಲ್ಲಿ ತ್ರೀಜೆಎಸ್ ಒಂದಕ್ಕಿಂತ ಜಾಸ್ತಿ ಸಲ ಇಂಪೋರ್ಟ್ ಆಗಿದೆ ಅಂತ ಎಚ್ಚರಿಕೆ ಬರುತ್ತಿದೆ. ಇನ್ನೂ ಯಾವ ಫೈಲ್ ಸೇರಿಸಬೇಕು ಹೇಳಿ.

ಕೀಲಿಮಣೆ_ರಿಪೇರಿ:

ಸೇರಿಸಬೇಡಿ ಗುರುವೇ, ತೆಗೆಯಿರಿ.

ಮೊದಲು ಫೋಲ್ಡರ್. ನಿಮ್ಮ ವಿಡಿಯೋ ಕಾಲದ ತ್ರೀ.ಮಿನ್.ಜೆಎಸ್ ಈಗಿನ ತ್ರೀಜೆಎಸ್ ಜೊತೆ ಬರುವುದೇ ಇಲ್ಲ. 150ನೇ ಬಿಡುಗಡೆಯಲ್ಲೇ ಬಿಟ್ಟುಬಿಡಿ ಅಂತ ಎಚ್ಚರಿಸಿ, ಆಮೇಲೆ ತೆಗೆದೇ ಹಾಕಿದರು. ಈಗ ಬಳಸುವುದು ತ್ರೀ.ಮಾಡ್ಯೂಲ್.ಜೆಎಸ್. ಹೊಸ ಲೋಡರ್ ತನ್ನ ಪಾಡಿಗೆ ಹೊಸ ತ್ರೀಜೆಎಸ್ ಕರೆತರುತ್ತದೆ, ನೀವು ಹಳೆಯದನ್ನು ಪಕ್ಕದಲ್ಲಿ ಕೂರಿಸಿದ್ದೀರಿ. ಒಂದು ಮನೆಗೆ ಇಬ್ಬರು ಯಜಮಾನರು. ಎಚ್ಚರಿಕೆ ಬರುತ್ತಿರುವುದು ಅದಕ್ಕೇ. ಇಂಪೋರ್ಟ್‌ಮ್ಯಾಪ್‌ನಲ್ಲಿ (ಯಾವ ಹೆಸರಿಗೆ ಯಾವ ಫೈಲ್ ಅಂತ ಬ್ರೌಸರ್‌ಗೆ ಹೇಳುವ ಪಟ್ಟಿ) ತ್ರೀ ಮತ್ತು ಆ್ಯಡಾನ್ಸ್ (ಅದರ ಜೊತೆ ಬರುವ ಹೆಚ್ಚುವರಿ ಫೈಲ್‌ಗಳು) ಎರಡೂ ಒಂದೇ ಬಿಡುಗಡೆಯ ನಂಬರ್‌ಗೆ ತೋರಿಸುವ ಹಾಗೆ ಬರೆಯಿರಿ, ಎಚ್ಚರಿಕೆ ಹೋಗುತ್ತದೆ. ಅನಿಮೇಷನ್ ಬೆರೆಸುವ ಅನಿಮೇಷನ್‌ಮಿಕ್ಸರ್ ಮೂಲ ಫೈಲ್ ಒಳಗೇ ಇದೆ, ಅದಕ್ಕೆ ಬೇರೆ ಫೈಲ್ ಬೇಡ. ಟ್ವೀನ್ ಒಳ್ಳೆಯದೇ, ಆದರೆ ಅದು ಮೆನು ಜಾರಿಸಲು, ಸ್ಕೋರ್ ಹಾರಿಸಲು. ಮೂವತ್ತು ನಲವತ್ತು ಮೂಳೆಯ ನಾಯಿಗೆ ಅಲ್ಲ.

ಈಗ ಮೇಜಿನ ಕಥೆ. ಮಿಕ್ಸರ್ ಪ್ರತಿ ಬೋನ್‌ಗೂ (ಮಾಡೆಲ್ ಒಳಗಿನ ಮೂಳೆ) ಎಲ್ಲ ಕ್ಲಿಪ್‌ಗಳ ವೇಟ್ (ಯಾವುದು ಎಷ್ಟು ಪಾಲು ಅನ್ನುವುದು) ಕೂಡಿಸುತ್ತದೆ. ಒಟ್ಟು 1 ಇಲ್ಲವೇ ಅದಕ್ಕಿಂತ ಜಾಸ್ತಿ ಇದ್ದರೆ ಸರಿ, ಪ್ರಮಾಣ ನೋಡಿ ಬೆರೆಸುತ್ತದೆ. 1ಕ್ಕಿಂತ ಕಮ್ಮಿ ಬಿದ್ದರೆ ಉಳಿದ ಪಾಲನ್ನು ಮಾಡೆಲ್‌ನ ಮೂಲ ನಿಲುವಿನಿಂದ ತುಂಬಿಸುತ್ತದೆ. ನಿಮ್ಮ ನಾಯಿಯ ಮೂಲ ನಿಲುವು ಅಂದರೆ ಆ ಮೇಜು. ನೀವು ಹಳೆಯದನ್ನು ಸ್ಟಾಪ್ ಮಾಡಿದ ಕೂಡಲೇ ಅದರ ಪಾಲು ಸೊನ್ನೆ, ಹೊಸದು ಇನ್ನೂ ಸೊನ್ನೆಯಿಂದ ಏರುತ್ತಿದೆ. ಮಧ್ಯದ ಜಾಗ ಪೂರ್ತಿ ಮೇಜಿನದ್ದು.

ಎರಡನೇ ಸಲ ಮೇಜಾಗಿಯೇ ಉಳಿಯುವುದು ಬೇರೆ ಕಾರಣಕ್ಕೆ. ಫೇಡ್‌ಔಟ್ ಮುಗಿದು ವೇಟ್ ಸೊನ್ನೆ ಮುಟ್ಟಿದಾಗ ಆ ಆ್ಯಕ್ಷನ್‌ನ (ಮಿಕ್ಸರ್ ಆಡಿಸುವ ಕ್ಲಿಪ್) ಎನೇಬಲ್ಡ್ ಅನ್ನು ಮಿಕ್ಸರ್ ತಾನೇ ಆಫ್ ಮಾಡುತ್ತದೆ. ಆಮೇಲೆ ನೀವು ಎಷ್ಟು ಫೇಡ್‌ಇನ್ ಕೊಟ್ಟರೂ ಅದು ಏಳುವುದಿಲ್ಲ. ಹೊಸ ಕ್ಲಿಪ್‌ಗೆ ಮೊದಲು ರೀಸೆಟ್, ಆಮೇಲೆ ಪ್ಲೇ, ಆಮೇಲೆ ಹಳೆಯದರ ಮೇಲೆ ಕ್ರಾಸ್‌ಫೇಡ್‌ಟು (ಹಳೆಯದನ್ನು ಇಳಿಸುತ್ತಾ ಹೊಸದನ್ನು ಏರಿಸುವ ಫಂಕ್ಷನ್). ಈ ಕ್ರಮ ಸಾಕು. ಕಾಲದ ಅಳತೆ 0.2 ಸೆಕೆಂಡಿನಿಂದ ಶುರು ಮಾಡಿ ನೋಡಿ.

ಬೊಗಳುವುದು ಒಂದೇ ಸಲ ಆಡುವ ಕ್ಲಿಪ್ ಅಲ್ವಾ, ಕ್ಲ್ಯಾಂಪ್‌ವೆನ್‌ಫಿನಿಶ್ಡ್ (ಮುಗಿದ ಮೇಲೆ ಕೊನೆಯ ನಿಲುವಿನಲ್ಲೇ ನಿಲ್ಲಿಸುವುದು) ಆನ್ ಮಾಡಿ. ಇಲ್ಲದಿದ್ದರೆ ಮುಗಿದ ತಕ್ಷಣ ಅದೂ ಎನೇಬಲ್ಡ್ ಆಫ್ ಮಾಡಿಕೊಂಡು ಮಲಗುತ್ತದೆ, ಮತ್ತೆ ಮೇಜು.

ಇನ್ನೊಂದು. ಮಿಕ್ಸರ್ ಅಪ್‌ಡೇಟ್‌ಗೆ ಕೊಡುವ ಸಮಯ ಸೆಕೆಂಡಿನಲ್ಲಿರಬೇಕು, ಮಿಲಿಸೆಕೆಂಡಿನಲ್ಲಿ ಅಲ್ಲ. ಬೇರೆ ಟ್ಯಾಬ್‌ಗೆ ಹೋಗಿ ಬಂದರೆ ಒಂದೇ ಫ್ರೇಮ್‌ಗೆ ಹತ್ತು ಸೆಕೆಂಡ್ ಅಂತ ಲೆಕ್ಕ ಬರಬಹುದು, ಅದನ್ನು 0.1ಕ್ಕೆ ಕಟ್ ಮಾಡಿ. ಹೆಸರುಗಳನ್ನೆಲ್ಲ ಕನ್ನಡದಲ್ಲೇ ಬರೆದಿದ್ದೇನೆ, ಬಸ್ಸಿನಲ್ಲಿ ನಿಂತುಕೊಂಡು ಕೀಬೋರ್ಡ್ ಬದಲಾಯಿಸುವಷ್ಟು ಕೈ ಇಲ್ಲ.

ಬೀದಿನಾಯಿ:

ಮೇಜು ಹೋಯಿತು! ತುಂಬಾ ಥ್ಯಾಂಕ್ಸ್ ಸರ್. ಲಿಬ್ ಫೋಲ್ಡರ್ ಖಾಲಿ ಮಾಡಿ ಇಂಪೋರ್ಟ್‌ಮ್ಯಾಪ್ ಹಾಕಿದೆ, ಎಚ್ಚರಿಕೆಯೂ ಇಲ್ಲ.

ಆದರೆ ಹೊಸದೊಂದು ಶುರುವಾಗಿದೆ. ಕ್ರಾಸ್‌ಫೇಡ್‌ಟುಗೆ ಮೂರನೆಯದಾಗಿ ವಾರ್ಪ್ ಅಂತ ಒಂದು ಇತ್ತು, ಟ್ರೂ ಕೊಟ್ಟೆ. ಮೊದಲ ಸಲ ಬಹಳ ಚೆನ್ನಾಗಿ ಬಂತು. ಓಡಿ ವಾಪಸ್ ನಡಿಗೆಗೆ ಬಂದರೆ ನಾಯಿ ಬಸ್ ತಪ್ಪಿಸಿಕೊಂಡವರ ಹಾಗೆ ಗಡಿಬಿಡಿಯಲ್ಲಿ ನಡೆಯುತ್ತದೆ. ಮತ್ತೆ, ಓಟದ ಬಟನ್ ಅನ್ನು ಟಕಟಕ ಅಂತ ಒತ್ತಿ ಬಿಟ್ಟರೆ ಮಧ್ಯದಲ್ಲಿ ಒಂದು ಜರ್ಕ್ ಇದ್ದೇ ಇದೆ. ನಿಧಾನಕ್ಕೆ ಒತ್ತಿದರೆ ಇಲ್ಲ.

ಕಾಲು ಜಾರುವುದು ಹಾಗೇ ಇದೆ.

ಕೀಲಿಮಣೆ_ರಿಪೇರಿ:

ಗಡಿಬಿಡಿ ನಡಿಗೆಗೆ ಒಂದೇ ಸಾಲು. ವಾರ್ಪ್ ಅಂದರೆ ಎರಡು ಕ್ಲಿಪ್‌ಗಳ ಉದ್ದ ಬೇರೆಬೇರೆ ಇದ್ದಾಗ ಹೆಜ್ಜೆಯ ವೇಗ ಹೊಂದಿಸಲು ಹಳೆಯದನ್ನು ಎಳೆಯುವುದು, ಹೊಸದನ್ನು ತಡೆಯುವುದು. ನಡಿಗೆ 1 ಸೆಕೆಂಡ್, ಓಟ 0.5 ಸೆಕೆಂಡ್ ಇದ್ದರೆ ಬೆರೆಯುವಷ್ಟರಲ್ಲಿ ನಡಿಗೆಯ ವೇಗ 2 ಆಗಿರುತ್ತದೆ. ಕೆಲಸ ಮುಗಿದ ಮೇಲೆ ಆ 2 ಹಾಗೇ ಅಂಟಿಕೊಂಡಿರುತ್ತದೆ, ರೀಸೆಟ್ ಕೂಡ ಅದನ್ನು ಅಳಿಸುವುದಿಲ್ಲ. ಪ್ರತಿ ಸಲ ಶುರುವಿನಲ್ಲಿ ಸೆಟ್‌ಎಫೆಕ್ಟಿವ್‌ಟೈಮ್‌ಸ್ಕೇಲ್ (ಕ್ಲಿಪ್ ಆಡುವ ವೇಗ) 1 ಅಂತ ನೀವೇ ಬರೆಯಬೇಕು. ಅವರದೇ ಸೈಟ್‌ನಲ್ಲಿ ಸೈನಿಕನ ಮಾಡೆಲ್ ಹಾಕಿ ಬ್ಲೆಂಡಿಂಗ್ ತೋರಿಸುವ ಉದಾಹರಣೆ ಇದೆ, ಅದರಲ್ಲೂ ಹೀಗೇ ಮಾಡಿದ್ದಾರೆ. ನಾನು ಎರಡು ರಾತ್ರಿ ಹಾಳು ಮಾಡಿಕೊಂಡು ಕಲಿತದ್ದು ಇದು.

ಜಾರುವ ಕಾಲಿಗೆ ಕೋಡ್‌ಗಿಂತ ಕ್ಲಿಪ್ ನೋಡಬೇಕು. ನನಗೆ ಅದು ಅಷ್ಟಾಗಿ ಬರುವುದಿಲ್ಲ, ಯಾರಾದರೂ ಅನಿಮೇಟರ್ ಇದ್ದರೆ ಹೇಳಿ.

ಸಂಜೆ_ಡೆವ್:

ಇಷ್ಟೆಲ್ಲ ಯಾಕೆ ಪಾಡು? ಗೊಡೋ ಗೇಮ್ ಎಂಜಿನ್‌ಗೆ ಬನ್ನಿ. ಅನಿಮೇಷನ್‌ಟ್ರೀ ಒಳಗೆ ಸ್ಟೇಟ್ ಮಷಿನ್ ಇದೆ, ಬಾಣ ಎಳೆದು ಕ್ರಾಸ್‌ಫೇಡ್ ಸಮಯ ಬರೆದರೆ ಮುಗಿಯಿತು. ಕೋಡ್ ಬರೆಯುವ ಗೋಜೇ ಇಲ್ಲ.

ಮೂಳೆ_ಕೀಲು:

ಗೊಡೋಗೆ ಹೋದರೂ ಈ ನಾಯಿ ಜಾರಿಯೇ ಜಾರುತ್ತದೆ. ಯಾಕೆ ಅಂತ ಹೇಳುತ್ತೇನೆ. ನಾನು ಕೋಡ್ ಬರೆಯುವವಳಲ್ಲ, ರಿಗ್ (ಮಾಡೆಲ್‌ಗೆ ಕೂರಿಸುವ ಅಸ್ಥಿಪಂಜರ) ಮತ್ತು ಅನಿಮೇಷನ್ ಮಾಡುವವಳು. ಹಾಗಾಗಿ ಕಾಲಿನ ಕಡೆಯಿಂದಲೇ ಬರುತ್ತೇನೆ.

ಮನುಷ್ಯರ ನಡಿಗೆ ಮತ್ತು ಓಟ ಬೆರೆಸುವುದು ಸುಲಭ. ಎರಡರಲ್ಲೂ ಎಡ, ಬಲ, ಎಡ, ಬಲ. ನಾಯಿ ಹಾಗಲ್ಲ. ನಾಯಿ ವೇಗ ಬದಲಾಯಿಸಿದಾಗ ಕಾಲಿಡುವ ಕ್ರಮವೇ ಬದಲಾಗುತ್ತದೆ. ನಿಮ್ಮ ಮನೆ ಮುಂದಿನ ನಾಯಿಯನ್ನು ಫೋನ್‌ನಲ್ಲಿ ಸ್ಲೋಮೋಷನ್ ಹಿಡಿದು ನೋಡಿ. ನಡೆಯುವಾಗ ನಾಲ್ಕು ಬಡಿತ: ಎಡ ಹಿಂಗಾಲು, ಎಡ ಮುಂಗಾಲು, ಬಲ ಹಿಂಗಾಲು, ಬಲ ಮುಂಗಾಲು. ಒಂದು ಸುತ್ತಿನಲ್ಲಿ ಕಾಲುಕಾಲು ಭಾಗಕ್ಕೆ ಒಂದೊಂದು. ಸ್ವಲ್ಪ ಜೋರಾದರೆ ಟ್ರಾಟ್. ಆಗ ಎರಡೇ ಬಡಿತ, ಮೂಲೆಮೂಲೆಯ ಕಾಲುಗಳು ಜೋಡಿಯಾಗಿ ಬೀಳುತ್ತವೆ, ಎಡ ಹಿಂಗಾಲಿನ ಜೊತೆ ಬಲ ಮುಂಗಾಲು. ಬೈಕ್ ಹಿಂದೆ ಬಿದ್ದಾಗ ಗ್ಯಾಲಪ್. ಅಲ್ಲಿ ಹಿಂಗಾಲುಗಳು ಹತ್ತಿರ ಹತ್ತಿರ ಬೀಳುತ್ತವೆ, ಮುಂಗಾಲುಗಳೂ ಹಾಗೇ, ಬೆನ್ನು ಬಿಲ್ಲಿನ ಹಾಗೆ ಬಗ್ಗಿ ಬಿಚ್ಚಿಕೊಳ್ಳುತ್ತದೆ. ನಮ್ಮ ಮುಧೋಳ ನಾಯಿಯಂಥ ಬೇಟೆ ನಾಯಿಗಳು ಒಂದು ಸುತ್ತಿನಲ್ಲಿ ಎರಡು ಸಲ ಪೂರ್ತಿ ಗಾಳಿಯಲ್ಲಿರುತ್ತವೆ, ಕಾಲು ಚಾಚಿಕೊಂಡಾಗ ಒಮ್ಮೆ, ಮಡಚಿಕೊಂಡಾಗ ಇನ್ನೊಮ್ಮೆ. ಬೀದಿ ನಾಯಿಗೆ ಅಷ್ಟು ಠೀವಿ ಬೇಡ ಬಿಡಿ.

ಈಗ ನೀವು ಮಾಡುತ್ತಿರುವುದು ಏನು? ನಾಲ್ಕು ಬಡಿತದ ನಡಿಗೆಯನ್ನೂ ಗ್ಯಾಲಪ್ಪನ್ನೂ ಅರ್ಧರ್ಧ ಬೆರೆಸುತ್ತಿದ್ದೀರಿ. ಒಂದು ಕ್ಲಿಪ್‌ನಲ್ಲಿ ಎಡ ಮುಂಗಾಲು ನೆಲದ ಮೇಲೆ, ಇನ್ನೊಂದರಲ್ಲಿ ಅದೇ ಕಾಲು ಮುಂದಕ್ಕೆ ಚಾಚಿದೆ. ಸರಾಸರಿ ತೆಗೆದರೆ ಎರಡೂ ಅಲ್ಲದ ಒಂದು ಕಾಲು ಗಾಳಿಯಲ್ಲಿ ನೇತಾಡುತ್ತದೆ. ಅನ್ನಕ್ಕೆ ಸಾರು ಕಲಸಿದರೆ ಊಟ, ಸಾರಿಗೆ ಪಾಯಸ ಕಲಸಿದರೆ? ಎಷ್ಟು ನಯವಾಗಿ ಕಲಸಿದರೂ ಬಾಯಿಗೆ ಇಡಲಾಗುವುದಿಲ್ಲ.

ಗೆಳೆಯನಿಗೆ ಹೇಳಿ ಮಧ್ಯಕ್ಕೆ ಒಂದು ಟ್ರಾಟ್ ಕ್ಲಿಪ್ ಮಾಡಿಸಿ. ಮೂರರಲ್ಲೂ ಮೊದಲ ಫ್ರೇಮ್ ಎಡ ಹಿಂಗಾಲು ನೆಲಕ್ಕೆ ತಾಗುವ ಕ್ಷಣವೇ ಆಗಿರಲಿ. ಬ್ಲೆಂಡರ್‌ನಲ್ಲಿ ಕೀಗಳನ್ನು (ನಿಲುವು ಗುರುತಿಸಿದ ಫ್ರೇಮ್‌ಗಳು) ಜರುಗಿಸಿದರೆ ಆಯಿತು, ಹೊಸದಾಗಿ ಮಾಡಬೇಕಿಲ್ಲ. ಆಗ ನಡಿಗೆ ಮತ್ತು ಟ್ರಾಟ್ ನಡುವೆ ಹಿಂಗಾಲುಗಳು ಪೂರ್ತಿ ಹೊಂದುತ್ತವೆ, ಮುಂಗಾಲುಗಳು ಮಾತ್ರ ಕಾಲು ಸುತ್ತು ಜರುಗಬೇಕು. ಕಣ್ಣಿಗೆ ಬೀಳುವುದಿಲ್ಲ. ಟ್ರಾಟ್‌ನಿಂದ ಗ್ಯಾಲಪ್‌ಗೆ ಹೋಗುವುದು ಮಾತ್ರ ಹೇಗೆ ಮಾಡಿದರೂ ಸ್ವಲ್ಪ ಮೋಸವೇ. ಅದನ್ನು 0.15 ಸೆಕೆಂಡಿನಲ್ಲಿ ಮುಗಿಸಿಬಿಡಿ. ನಿಜವಾದ ನಾಯಿಯೂ ಅಲ್ಲಿ ಒಂದು ಕುಪ್ಪಳಿಕೆಯಲ್ಲೇ ಬದಲಾಯಿಸುತ್ತದೆ, ನಿಧಾನಕ್ಕೆ ಕರಗಿ ಹೋಗುವುದಿಲ್ಲ.

ನಿಮ್ಮ ನಾಯಿ ಎಷ್ಟು ವೇಗಕ್ಕೆ ನಡೆಯಬೇಕು ಅನ್ನುವುದನ್ನು ಕೋಡ್‌ನಲ್ಲಿ ಸುಮ್ನೆ ಒಂದು ನಂಬರ್ ಬರೆದಿದ್ದೀರಿ ಅಂತ ಕಾಣುತ್ತದೆ. ಕ್ಲಿಪ್‌ನಲ್ಲಿ ಒಂದು ಸುತ್ತಿಗೆ ನಾಯಿ 0.9 ಮೀಟರ್ ಹೋಗುವ ಹಾಗೆ ಕಾಲು ಹಾಕಿದ್ದರೆ, ಸುತ್ತು 1 ಸೆಕೆಂಡ್ ಇದ್ದರೆ, ಅದರ ಸಹಜ ವೇಗ ಸೆಕೆಂಡಿಗೆ 0.9 ಮೀಟರ್. ನೀವು 1.5ರಲ್ಲಿ ಎಳೆದುಕೊಂಡು ಹೋದರೆ ಜಾರದೆ ಇನ್ನೇನು ಮಾಡೀತು? ಅಲ್ಲಿ ಕ್ಲಿಪ್‌ನ ವೇಗ 1.67 ಆಗಬೇಕು. ಅಷ್ಟು ಎಳೆದರೆ ಚೆನ್ನಾಗಿ ಕಾಣುವುದಿಲ್ಲ, ಆ ವೇಗಕ್ಕೆ ಟ್ರಾಟ್‌ಗೆ ಹೋಗಬೇಕು.

ಬೊಗಳುವುದನ್ನು ಇಡೀ ಮೈಯ ಕ್ಲಿಪ್ ಮಾಡಿದ್ದಾರೆ ಅನ್ನಿಸುತ್ತದೆ. ಬೀದಿ ನಾಯಿ ನಿಂತು ಬೊಗಳುವುದಕ್ಕಿಂತ ಓಡುತ್ತಾ ಬೊಗಳುವುದೇ ಜಾಸ್ತಿ. ಕತ್ತು, ತಲೆ, ದವಡೆ ಬಿಟ್ಟು ಉಳಿದ ಬೋನ್‌ಗಳ ಟ್ರ್ಯಾಕ್ ತೆಗೆದುಹಾಕಿ ಅದನ್ನು ಆ್ಯಡಿಟಿವ್ ಮಾಡಿ. ಅಂದರೆ ಇರುವ ನಿಲುವಿನ ಮೇಲೆ ವ್ಯತ್ಯಾಸವನ್ನಷ್ಟೇ ಕೂಡಿಸುವುದು. ತ್ರೀಜೆಎಸ್‌ನಲ್ಲಿ ಮೇಕ್‌ಕ್ಲಿಪ್‌ಆ್ಯಡಿಟಿವ್ ಅಂತ ಇದೆಯಂತೆ, ನನ್ನ ಜೊತೆ ಕೆಲಸ ಮಾಡುವ ಹುಡುಗ ಅದನ್ನೇ ಬಳಸುತ್ತಾನೆ.

ಸಂಜೆ_ಡೆವ್:

ಮೇಡಂ, ಸರಿ, ಕಾಲಿನ ವಿಷಯ ಒಪ್ಪಿದೆ. ಗೊಡೋ ಮಾತ್ರ ಬಿಡುವುದಿಲ್ಲ 😄

ಅರ್ಧಾಯುಷ್ಯ:

ಎರಡು ವಿಷಯ ಯಾರೂ ಮುಟ್ಟಿಲ್ಲ, ಹೇಳಿಬಿಡುತ್ತೇನೆ. ಒಂದು ಗೆಳೆಯನ 120 ಹರ್ಟ್ಸ್ ಫೋನ್, ಇನ್ನೊಂದು ಟಕಟಕ ಬಟನ್.

ಫೋನ್ ಮೊದಲು. ಪ್ರತಿ ಫ್ರೇಮ್‌ಗೆ ಲರ್ಪ್ 0.1 ಅಂದರೆ, ಉಳಿದ ದೂರದಲ್ಲಿ ಹತ್ತನೇ ಒಂದು ಭಾಗ ಹೋಗು ಅಂತ. ಸುಮಾರು ಆರೂವರೆ ಫ್ರೇಮ್‌ಗೆ ದೂರ ಅರ್ಧ ಆಗುತ್ತದೆ. 60 ಹರ್ಟ್ಸ್‌ನಲ್ಲಿ ಅದು 0.11 ಸೆಕೆಂಡ್, 120ರಲ್ಲಿ 0.055, ಆಟ ತೊದಲಿ 30ಕ್ಕೆ ಇಳಿದರೆ 0.22. ಫೋನ್ ಎಷ್ಟು ಚುರುಕೋ ನಾಯಿ ಅಷ್ಟು ಚುರುಕು. ಫ್ರೇಮ್ ಎಣಿಸುವುದು ಬಿಟ್ಟು ಸಮಯ ಎಣಿಸಬೇಕು. ತ್ರೀಜೆಎಸ್ ಒಳಗೇ ಮ್ಯಾಥ್‌ಯುಟಿಲ್ಸ್‌ನಲ್ಲಿ ಡ್ಯಾಂಪ್ ಅಂತ ಫಂಕ್ಷನ್ ಇದೆ. ಈಗಿನ ಬೆಲೆ, ಗುರಿ, ಲ್ಯಾಂಬ್ಡಾ (ಎಷ್ಟು ಬೇಗ ಗುರಿಯತ್ತ ಹೋಗಬೇಕು ಅನ್ನುವುದು), ಹೋದ ಸಮಯ, ನಾಲ್ಕು ಕೊಟ್ಟರೆ ಯಾವ ಫೋನ್‌ನಲ್ಲೂ ಒಂದೇ ಥರ ನಡೆಯುತ್ತದೆ. ನಿಮ್ಮ ಹಳೆ ಫೋನ್‌ನ 0.1ರ ರುಚಿಯೇ ಬೇಕು ಅಂದರೆ ಲ್ಯಾಂಬ್ಡಾ 6.3 ಹಾಕಿ. ಕೋನ ಅಂದಮೇಲೆ ಒಂದು ಎಚ್ಚರ. 350 ಡಿಗ್ರಿಯಿಂದ 10 ಡಿಗ್ರಿಗೆ ಹೋಗಬೇಕಾದ ನಾಯಿ ಹತ್ತಿರದ 20 ಡಿಗ್ರಿ ಬಿಟ್ಟು 340 ಡಿಗ್ರಿ ಸುತ್ತಿ ಬರುತ್ತದೆ. ವ್ಯತ್ಯಾಸವನ್ನು ಮೊದಲು ಮೈನಸ್ 180ರಿಂದ ಪ್ಲಸ್ 180ರ ಒಳಗೆ ತಂದುಕೊಳ್ಳಿ. ಬೋನ್‌ಗಳಿಗೆ ಈ ಚಿಂತೆ ಇಲ್ಲ, ಅವು ಕ್ವಾಟರ್ನಿಯನ್‌ನಲ್ಲಿರುತ್ತವೆ (ತಿರುಗುವಿಕೆಯನ್ನು ನಾಲ್ಕು ಸಂಖ್ಯೆಯಲ್ಲಿ ಬರೆಯುವ ಕ್ರಮ), ಅವನ್ನು ಬೆರೆಸುವ ಸ್ಲರ್ಪ್ ಹತ್ತಿರದ ದಾರಿಯನ್ನೇ ಹಿಡಿಯುತ್ತದೆ. ಈ ಸ್ಲರ್ಪ್ 1985ರಲ್ಲಿ ಕೆನ್ ಶೂಮೇಕ್ ಗ್ರಾಫಿಕ್ಸ್ ಲೋಕಕ್ಕೆ ತಂದದ್ದು, ಇವತ್ತಿಗೂ ಅದೇ ಓಡುತ್ತಿದೆ.

ಟಕಟಕ ಬಟನ್. ಕ್ರಾಸ್‌ಫೇಡ್ ಅಂದರೆ ಒಳಗಡೆ ಒಂದಕ್ಕೆ 1ರಿಂದ 0, ಇನ್ನೊಂದಕ್ಕೆ 0ಯಿಂದ 1, ಯಾವಾಗಲೂ. ಅರ್ಧ ದಾರಿಯಲ್ಲಿ ಓಟದ ವೇಟ್ 0.5 ಇದ್ದಾಗ ನೀವು ಬಟನ್ ಬಿಟ್ಟಿರಿ ಅನ್ನಿ. ವಾಪಸ್ ಕ್ರಾಸ್‌ಫೇಡ್ ಕರೆದ ತಕ್ಷಣ ಓಟ 0.5ರಿಂದ 1ಕ್ಕೆ ನೆಗೆಯುತ್ತದೆ, ನಡಿಗೆ 0.5ರಿಂದ 0ಗೆ ಬೀಳುತ್ತದೆ, ಅಲ್ಲಿಂದ ಲೆಕ್ಕ ಹೊಸದಾಗಿ ಶುರು. ಆ ನೆಗೆತವೇ ನಿಮ್ಮ ಜರ್ಕ್. ಇದು ಬಗ್ ಅಂತಲೂ ಅಲ್ಲ, ಮಧ್ಯದಲ್ಲಿ ಯಾರೂ ಮನಸ್ಸು ಬದಲಾಯಿಸುವುದಿಲ್ಲ ಅಂದುಕೊಂಡು ಬರೆದದ್ದು. ಆಟಗಾರರು ಮನಸ್ಸು ಬದಲಾಯಿಸುವುದಕ್ಕೇ ಇರುವುದು.

ಸುಲಭದ ದಾರಿ: ಕ್ರಾಸ್‌ಫೇಡ್ ಬಿಟ್ಟುಬಿಡಿ. ನಿಲ್ಲುವುದು, ನಡಿಗೆ, ಟ್ರಾಟ್, ಗ್ಯಾಲಪ್ ನಾಲ್ಕನ್ನೂ ಯಾವಾಗಲೂ ಪ್ಲೇ ಮಾಡಿಯೇ ಇಡಿ. ನಾಯಿಯ ವೇಗ ನೋಡಿ ಪ್ರತಿಯೊಂದರ ವೇಟ್ ನೀವೇ ಲೆಕ್ಕ ಹಾಕಿ ಸೆಟ್‌ಎಫೆಕ್ಟಿವ್‌ವೇಟ್‌ನಿಂದ ಬರೆಯಿರಿ. ವೇಗವನ್ನು ಡ್ಯಾಂಪ್ ಮಾಡಿದ್ದರೆ ವೇಟ್ ತಾನಾಗಿಯೇ ನಯ. ನೆಗೆಯಲು ಜಾಗವೇ ಇಲ್ಲ. ಹೆಜ್ಜೆಯ ಲಯವನ್ನೂ ಹೊಂದಿಸಬೇಕು: ನಡಿಗೆ 1 ಸೆಕೆಂಡ್, ಟ್ರಾಟ್ 0.6, ವೇಟ್ ಅರ್ಧರ್ಧ ಅಂದರೆ ಒಟ್ಟು ಸುತ್ತು 0.8 ಸೆಕೆಂಡ್. ಆಗ ನಡಿಗೆಯ ಟೈಮ್‌ಸ್ಕೇಲ್ 1.25, ಟ್ರಾಟ್‌ನದ್ದು 0.75. ಮೂಳೆ_ಕೀಲು ಅವರು ಹೇಳಿದ ಹಾಗೆ ಎಲ್ಲ ಕ್ಲಿಪ್‌ಗಳೂ ಒಂದೇ ಕಾಲಿನಿಂದ ಶುರುವಾಗಿದ್ದರೆ ಎಲ್ಲವೂ ಒಟ್ಟಿಗೆ ಹೆಜ್ಜೆ ಹಾಕುತ್ತವೆ.

ಆದರೆ ಎಲ್ಲ ಬದಲಾವಣೆಯೂ ವೇಗದ ಮೇಲೆ ನಿಂತಿಲ್ಲ. ಮಲಗಿದ್ದ ನಾಯಿ ಎದ್ದು ಓಡಬೇಕು, ಓಡುವಾಗ ಕಲ್ಲು ಬಿದ್ದು ಬೆಚ್ಚಬೇಕು. ಅದಕ್ಕೆ ಇನರ್ಷಿಯಲೈಸೇಷನ್ ಅಂತ ಒಂದು ಉಪಾಯ ಇದೆ. ಗೇರ್ಸ್ ಆಫ್ ವಾರ್ 4 ಗೇಮ್‌ನಲ್ಲಿ ಬಳಸಿದ್ದನ್ನು ಡೇವಿಡ್ ಬೊಲ್ಲೊ 2018ರ ಜಿಡಿಸಿಯಲ್ಲಿ (ಗೇಮ್ ಮಾಡುವವರ ಸಮ್ಮೇಳನ) ವಿವರಿಸಿದರು. ಆಮೇಲೆ ಅನ್‌ರಿಯಲ್ ಎಂಜಿನ್ ಒಳಗೂ ಒಂದು ನೋಡ್ ಆಗಿ ಬಂತು. ಯೋಚನೆ ಎಷ್ಟು ಸರಳ ಅಂದರೆ ಮೊದಲು ಕೇಳಿದಾಗ ನನಗೆ ಹೊಟ್ಟೆ ಉರಿಯಿತು. ಎರಡು ಕ್ಲಿಪ್ ಬೆರೆಸುವುದೇ ಇಲ್ಲ. ಬಟನ್ ಒತ್ತಿದ ಕೂಡಲೇ ಪೂರ್ತಿ ಹೊಸ ಕ್ಲಿಪ್‌ಗೆ ಹೋಗುವುದು. ಆ ಕ್ಷಣ ಪರದೆಯ ಮೇಲಿದ್ದ ನಿಲುವಿಗೂ ಹೊಸ ಕ್ಲಿಪ್ ಕೇಳುವ ನಿಲುವಿಗೂ ಪ್ರತಿ ಬೋನ್‌ನಲ್ಲಿ ಎಷ್ಟು ವ್ಯತ್ಯಾಸ ಇದೆ ಅಂತ ಬರೆದಿಟ್ಟುಕೊಂಡು, ಆ ವ್ಯತ್ಯಾಸವನ್ನು ಹೊಸದರ ಮೇಲೆ ಕೂಡಿಸಿ, ಮುಂದಿನ ಕೆಲವು ಫ್ರೇಮ್‌ಗಳಲ್ಲಿ ಅದನ್ನೇ ಸೊನ್ನೆಗೆ ಇಳಿಸುವುದು. ಹಳೆಯ ಕ್ಲಿಪ್ ಯಾವುದು ಅನ್ನುವುದೇ ಬೇಡ. ಮಧ್ಯದಲ್ಲಿ ಹತ್ತು ಸಲ ಮನಸ್ಸು ಬದಲಾಯಿಸಿದರೂ ಪ್ರತಿ ಸಲ ಈಗ ಕಾಣುವ ನಿಲುವಿನಿಂದಲೇ ಶುರು. ಒಂದೇ ಕ್ಲಿಪ್ ಓದುವುದರಿಂದ ಕಂಪ್ಯೂಟರ್‌ಗೂ ಕೆಲಸ ಕಮ್ಮಿ.

ಬೊಲ್ಲೊ ಅವರು ಐದನೇ ಘಾತದ ಸಮೀಕರಣ ಹಾಕಿ ಬೋನ್‌ನ ವೇಗವನ್ನೂ ಲೆಕ್ಕಕ್ಕೆ ತೆಗೆದುಕೊಂಡಿದ್ದಾರೆ. ನಿಮಗೆ ಅಷ್ಟು ಬೇಡ. ವ್ಯತ್ಯಾಸದ ಕ್ವಾಟರ್ನಿಯನ್ ಅನ್ನು 0.1 ಸೆಕೆಂಡಿಗೆ ಅರ್ಧ ಆಗುವ ಹಾಗೆ ಇಳಿಸಿದರೆ ಸಾಕು. ಮಿಕ್ಸರ್ ಅಪ್‌ಡೇಟ್ ಆದ ಮೇಲೆ ಪ್ರತಿ ಬೋನ್‌ಗೂ ಉಳಿದ ವ್ಯತ್ಯಾಸ ಗುಣಿಸಿ. ಒಟ್ಟು ನಲವತ್ತು ಸಾಲು ಕೋಡ್. ಶುರುವಿನಲ್ಲಿ ಸ್ವಲ್ಪ ಬಿರುಸು ಅನ್ನಿಸಿದರೆ ಡೇನಿಯಲ್ ಹೋಲ್ಡನ್ ಅವರ ಬ್ಲಾಗ್‌ನಲ್ಲಿ ಸ್ಪ್ರಿಂಗ್‌ಗಳ ಬಗ್ಗೆ ಉದ್ದ ಬರಹ ಇದೆ, ಕೋಡ್ ಸಮೇತ. ಸಮಾಧಾನವಾಗಿ ಓದಬೇಕು.

ಇದಕ್ಕೂ ಮಿತಿ ಇದೆ. ಮಲಗಿದ್ದ ನಾಯಿಯನ್ನು ನೇರ ಗ್ಯಾಲಪ್‌ಗೆ ಹಾಕಿದರೆ ನೆಲದಿಂದ ತೇಲಿ ಎದ್ದ ಹಾಗೆ ಕಾಣುತ್ತದೆ. ಏಳುವುದಕ್ಕೆ ಒಂದು ಕ್ಲಿಪ್ ಬೇಕೇ ಬೇಕು.

ಬೀದಿನಾಯಿ:

ಒಂದು ವಾರ ಆಯಿತು, ಬಂದು ಹೇಳದಿದ್ದರೆ ತಪ್ಪಾಗುತ್ತದೆ.

ಟ್ರಾಟ್ ಕ್ಲಿಪ್ ಬಂತು. ಗೆಳೆಯ ಮೊದಲು ಗೊಣಗಿದ, ಆಮೇಲೆ ತಾನೇ ಬೀದಿಗೆ ಹೋಗಿ ನಾಯಿಯ ವಿಡಿಯೋ ತೆಗೆದುಕೊಂಡು ಬಂದ. ಒಂದು ನಾಯಿ ಕ್ಯಾಮೆರಾ ಕಡೆಗೇ ಗ್ಯಾಲಪ್ ಮಾಡಿಕೊಂಡು ಬಂದಿತಂತೆ, ರೆಫರೆನ್ಸ್ ಸೂಪರ್ ಆಗಿದೆ. ಮೂರೂ ಕ್ಲಿಪ್ ಎಡ ಹಿಂಗಾಲಿನಿಂದ ಶುರು ಮಾಡಿಸಿದೆ. ವೇಟ್ ನಾನೇ ಲೆಕ್ಕ ಹಾಕಿದೆ. ಕಾಲು ಜಾರುವುದು ಹುಡುಕಿ ನೋಡಿದರೆ ಮಾತ್ರ ಕಾಣುತ್ತದೆ, ಟಕಟಕ ಒತ್ತಿದರೂ ಜರ್ಕ್ ಇಲ್ಲ. 120 ಹರ್ಟ್ಸ್ ಫೋನ್‌ನಲ್ಲಿ ನಾಯಿಗೆ ಬುದ್ಧಿ ಬಂದಿದೆ.

ಆದರೆ ಬೆಚ್ಚುವುದಕ್ಕೆ ಅಂತ ಇನರ್ಷಿಯಲೈಸೇಷನ್ ಬರೆದೆ ನೋಡಿ, ಎಲ್ಲ ಸರಿ, ಬಾಲ ಮಾತ್ರ ಫ್ಯಾನ್ ಥರ ತಿರುಗುತ್ತದೆ! ಬೆಚ್ಚಿ ಮತ್ತೆ ಓಟಕ್ಕೆ ಹೋದಾಗ ಒಂದೂವರೆ ಸುತ್ತು ಗಿರ್ರನೆ ತಿರುಗಿ ಸೊಟ್ಟಗೆ ನಿಲ್ಲುತ್ತದೆ. ಕಾಲು, ಬೆನ್ನು, ಕತ್ತು ಯಾವುದಕ್ಕೂ ಈ ರೋಗ ಇಲ್ಲ. ಹೆಂಡತಿ ನೋಡಿ ಹೀಗೇ ಬಿಡಿ, ಹೆಲಿಕಾಪ್ಟರ್ ನಾಯಿ ಅಂತ ಹೆಸರಿಡಿ ಅಂದಳು.

ಕೀಲಿಮಣೆ_ರಿಪೇರಿ:

ಹಹ್ಹಾ, ಇದು ಗೊತ್ತಿರುವ ರೋಗವೇ. ಓಟದ ಕ್ಲಿಪ್‌ನಲ್ಲಿ ಬಾಲಕ್ಕೆ ಅನಿಮೇಷನ್ ಮಾಡಿಲ್ಲ ಅಲ್ವಾ? ಬಾಲ ಒಂದೇ ಬೆಲೆಯಲ್ಲಿ ನಿಂತಿದೆ.

ಮಿಕ್ಸರ್ ಒಂದು ಜಾಣತನ ಮಾಡುತ್ತದೆ. ಈ ಫ್ರೇಮ್‌ನ ಫಲಿತಾಂಶ ಹಿಂದಿನ ಫ್ರೇಮ್‌ನದ್ದೇ ಆಗಿದ್ದರೆ ಬೋನ್‌ಗೆ ಮತ್ತೆ ಬರೆಯುವುದೇ ಇಲ್ಲ. ಕಾಲಿನ ಬೋನ್‌ಗಳು ಪ್ರತಿ ಫ್ರೇಮ್ ಬದಲಾಗುತ್ತವೆ, ಹಾಗಾಗಿ ಪ್ರತಿ ಸಲ ಹೊಸದಾಗಿ ಬರೆಯುತ್ತದೆ, ಅದರ ಮೇಲೆ ನೀವು ವ್ಯತ್ಯಾಸ ಕೂಡಿಸುತ್ತೀರಿ, ಸರಿ ಹೋಗುತ್ತದೆ. ಬಾಲಕ್ಕೆ ಮಿಕ್ಸರ್ ಕೈ ಹಾಕುವುದಿಲ್ಲ. ನೀವು ಹಿಂದಿನ ಫ್ರೇಮ್‌ನಲ್ಲಿ ಕೂಡಿಸಿದ್ದರ ಮೇಲೇ ಮತ್ತೆ ಕೂಡಿಸುತ್ತೀರಿ, ಅದರ ಮೇಲೆ ಮತ್ತೆ. 60 ಹರ್ಟ್ಸ್‌ನಲ್ಲಿ, 0.1 ಸೆಕೆಂಡಿಗೆ ಅರ್ಧ ಆಗುವ ವ್ಯತ್ಯಾಸವನ್ನು ಹೀಗೆ ಪೇರಿಸಿದರೆ ಕೊನೆಗೆ ಸುಮಾರು ಒಂಬತ್ತು ಪಟ್ಟು ಆಗುತ್ತದೆ. ಬೆಚ್ಚಿದಾಗ ಬಾಲ 60 ಡಿಗ್ರಿ ಮಡಚಿತ್ತು ಅಂದರೆ 550 ಡಿಗ್ರಿ. ಒಂದೂವರೆ ಸುತ್ತು. ನಿಮ್ಮ ಕಣ್ಣಿನ ಲೆಕ್ಕ ಪಕ್ಕಾ ಇದೆ.

ಮಿಕ್ಸರ್ ಕೊಟ್ಟ ಶುದ್ಧ ಬೆಲೆಯನ್ನು ಪ್ರತಿ ಬೋನ್‌ಗೂ ಪಕ್ಕದಲ್ಲಿ ಒಂದು ಕಾಪಿ ಇಟ್ಟುಕೊಳ್ಳಿ. ಅಪ್‌ಡೇಟ್ ಕರೆಯುವ ಮುಂಚೆ ಆ ಕಾಪಿಯನ್ನು ಬೋನ್‌ಗೆ ವಾಪಸ್ ಹಾಕಿ, ಅಪ್‌ಡೇಟ್ ಆದ ಮೇಲೆ ಮತ್ತೆ ಕಾಪಿ ತೆಗೆದುಕೊಂಡು, ಆಮೇಲೆ ವ್ಯತ್ಯಾಸ ಗುಣಿಸಿ.

ಅರ್ಧಾಯುಷ್ಯ:

ಅಯ್ಯೋ, ಅದನ್ನು ನಾನೇ ಹೇಳಬೇಕಿತ್ತು. ನಮ್ಮ ಗೇಮ್‌ನಲ್ಲಿ ನಿಂತಿರುವ ಕ್ಲಿಪ್‌ನಲ್ಲೂ ಮೈ ಎಲ್ಲ ಅಲುಗುತ್ತಿರುತ್ತದೆ, ಹಾಗಾಗಿ ನನಗೆ ಇದು ಎದುರಾಗಲೇ ಇಲ್ಲ. ಕ್ಷಮಿಸಿ.

ಮೂಳೆ_ಕೀಲು:

ಕೋಡ್ ಸರಿ ಮಾಡಿ, ಆದರೆ ಬಾಲಕ್ಕೂ ನಾಲ್ಕು ಕೀ ಹಾಕಿಸಿ ಮಾರಾಯ್ರೇ. ಓಡುವ ನಾಯಿಯ ಬಾಲ ಕಡ್ಡಿಯ ಹಾಗೆ ಇರುತ್ತದಾ? ತಿರುವಿನಲ್ಲಿ ಅದು ಮೈ ಸರಿದೂಗಿಸಿಕೊಳ್ಳುವುದೇ ಬಾಲದಿಂದ.

ಬೀದಿನಾಯಿ:

ಕಾಪಿ ಇಟ್ಟ ಮೇಲೆ ಬಾಲ ನಿಂತಿತು. ಮೇಡಂ ಹೇಳಿದ್ದನ್ನು ಗೆಳೆಯನಿಗೆ ಹೇಳಿದೆ, ಕೀ ಹಾಕುತ್ತಿದ್ದಾನೆ. ಲಿಬ್ ಫೋಲ್ಡರ್‌ನಲ್ಲಿ ಈಗ ನನ್ನದೇ ಒಂದು ಫೈಲ್ ಇದೆ, 61 ಸಾಲು, ಅದರಲ್ಲಿ 20 ಸಾಲು ಕಾಮೆಂಟ್.

ಈಗ ಎರಡನೇ ನಾಯಿ ಹಾಕಿದೆ, ಮಾಡೆಲ್ ಕ್ಲೋನ್ ಮಾಡಿ. ಎರಡನೆಯದು ನಿಂತಲ್ಲೇ ಇದೆ, ಅದರ ಚರ್ಮ ಮಾತ್ರ ಮೊದಲನೆಯದರ ಹಿಂದೆ ಓಡುತ್ತಿದೆ. ಇದಕ್ಕೆ ಬೇರೆ ಪೋಸ್ಟ್ ಹಾಕಲಾ, ಇಲ್ಲೇ ಕೇಳಲಾ?

ಕೀಲಿಮಣೆ_ರಿಪೇರಿ:

ಇಲ್ಲೇ ಸಾಕು. ಮಾಮೂಲಿ ಕ್ಲೋನ್ ಬೇಡ, ಎರಡೂ ನಾಯಿ ಒಂದೇ ಅಸ್ಥಿಪಂಜರ ಹಂಚಿಕೊಳ್ಳುತ್ತವೆ. ಆ್ಯಡಾನ್ಸ್‌ನಲ್ಲಿ ಸ್ಕೆಲಿಟನ್‌ಯುಟಿಲ್ಸ್ ಇದೆ, ಅದರ ಕ್ಲೋನ್ ಬಳಸಿ. ಒಂದೊಂದು ನಾಯಿಗೂ ಒಂದೊಂದು ಮಿಕ್ಸರ್ ಕೊಡಿ. ಹ್ಞಾಂ, ಇದೊಂದು ಫೈಲ್ ಮಾತ್ರ ಸೇರಿಸಬಹುದು.